ಮೂಕಿ ಕಾರ್ಟೂನಿನ ಹೆಂಡತಿಗೆ ನನ್ನ ಹೆಂಡತಿಯ ಸ್ವರ

ನಂಬಬೇಡಿ. ಮೊದಲೇ ಹೇಳಿಬಿಡುತ್ತೇನೆ, ನಿಮ್ಮಿಂದ ಆಗುವುದಾದರೆ ಇದನ್ನು ನಂಬದೆ ಓದಿ ಮುಗಿಸಿ, ನೋಡುವ. ನಂಬುವುದಿಲ್ಲ ಎಂದು ಎದೆ ತಟ್ಟಿಕೊಂಡವರನ್ನು ನಾನು ಬೇಕಾದಷ್ಟು ಕಂಡಿದ್ದೇನೆ. ಅಬುಧಾಬಿಯ ಎಲೆಕ್ಟ್ರಾ ಸ್ಟ್ರೀಟಿನಲ್ಲಿ ನಾನು ಕೆಲಸಕ್ಕಿದ್ದ ಟಿವಿ ಅಂಗಡಿಯ ಸೇಲ್ಸ್‌ಮನ್‌ಗಳೂ ಹಾಗೇ ಹೇಳುತ್ತಿದ್ದರು. ಒಂದು ಮಧ್ಯಾಹ್ನ ನಾನು ಗೋಡೌನಿನ ಬಾಗಿಲ ಹಿಂದೆ ನಿಂತು ಮಾಲೀಕರ ಸ್ವರದಲ್ಲಿ, ಅವರದ್ದೇ ಮಲಯಾಳಿ ಹಿಂದಿಯಲ್ಲಿ, "ಇವತ್ತು ಸಾಕು, ಶಟರ್ ಎಳೀರಿ, ಖಲಾಸ್" ಅಂದೆ. ಎಲ್ಲರೂ ಶಟರ್ ಎಳೆದು ಬೀಗ ಹಾಕಿ ಹೋದರು. ಮಾಲೀಕರು ಒಳಗೆ ಬಾತ್‌ರೂಮಿನಲ್ಲಿದ್ದರು.

ಆದ್ದರಿಂದ ನನ್ನ ಗಂಟಲಿನ ಬಗ್ಗೆ ಸಂಶಯ ಬೇಡ. ಮನುಷ್ಯರದ್ದು ಬಿಡಿ, ಹಾಳಾದ ಫ್ರಿಜ್ಜಿನ ಸದ್ದು ಮಾಡಿ ಫ್ರಿಜ್ಜಿನ ಮೆಕ್ಯಾನಿಕ್ಕನ್ನೇ ಕರೆಸಿದವ ನಾನು. ಇಲ್ಲಿ ಹೇಳುವುದರಲ್ಲಿ ಒಂದೇ ಒಂದು ಸಂಗತಿ ನಾನು ಕಟ್ಟಿದ್ದು. ಅದು ಯಾವುದು ಎಂದು ಕೊನೆಗೆ ನಾನೇ ಒಪ್ಪಿಕೊಳ್ಳುತ್ತೇನೆ. ಅಷ್ಟರೊಳಗೆ ಹಿಡಿದರೆ ನೀವು ಜಾಣರು.

ನನ್ನ ಕೆಲಸ ಟಿವಿ ರಿಪೇರಿ. ರಿಪೇರಿ ಆದ ಸೆಟ್ಟನ್ನು ಗಿರಾಕಿಗೆ ಕೊಡುವ ಮೊದಲು ಅರ್ಧ ದಿನವಾದರೂ ಓಡಿಸಿ ನೋಡಬೇಕು. ಉಳಿದ ಅಂಗಡಿಗಳಲ್ಲಿ ಅದಕ್ಕೆ ಸಿನಿಮಾ ಹಾಡು ಹಾಕುತ್ತಿದ್ದರು, ಇಲ್ಲವೇ ಕ್ರಿಕೆಟ್. ನಮ್ಮ ಮಾಲೀಕರಿಗೆ ತಲೆನೋವಿನ ಕಾಯಿಲೆ, ಸದ್ದು ಆಗುತ್ತಿರಲಿಲ್ಲ. ಅದಕ್ಕಾಗಿ ನಾನೊಂದು ಪೆನ್‌ಡ್ರೈವ್ ಮಾಡಿಟ್ಟಿದ್ದೆ. ಅದರ ತುಂಬಾ ಮೂಕಿ ಕಾರ್ಟೂನು. ಸಿನಿಮಾಕ್ಕೆ ಮಾತು ಬರುವುದಕ್ಕಿಂತ ಮೊದಲು ಯಾರೋ ಕೂತು ಕೈಯಿಂದ ಒಂದೊಂದೇ ಚಿತ್ರ ಬರೆದು ಓಡಿಸಿದ ಸಣ್ಣ ಸಣ್ಣ ಚಿತ್ರಗಳು. ನೂರು ವರ್ಷ ಹಳೆಯವು, ಕೇಳುವವರಿಲ್ಲ. ಬಿಳಿಯ ಮೇಲೆ ಕಪ್ಪು ಗೆರೆಯಾದ್ದರಿಂದ ಸ್ಕ್ರೀನಿನಲ್ಲಿ ಎಲ್ಲಿ ಕಲೆ ಉಂಟು, ಎಲ್ಲಿ ಗೆರೆ ಸೊಟ್ಟಗಾಗುತ್ತದೆ ಎಂದು ಕೂಡಲೇ ಗೊತ್ತಾಗುತ್ತಿತ್ತು.

ಕತೆ ಹೆಚ್ಚಾಗಿ ಒಂದೇ. ಒಬ್ಬ ಬಡಕಲು ಗಂಡ, ಅವನಿಗಿಂತ ಎರಡು ಪಟ್ಟು ಹೆಂಡತಿ, ತೆವಳುವ ಒಂದು ಕಿತಾಪತಿ ಮಗು, ಆಗಾಗ ಟ್ರಂಕು ಹಿಡಿದು ಬಂದಿಳಿಯುವ ಅತ್ತೆ. ಗಂಡ ಗೋಡೆಗೆ ಕಾಗದ ಅಂಟಿಸಲು ಹೋಗಿ ಅತ್ತೆಯನ್ನೇ ಗೋಡೆಗೆ ಅಂಟಿಸುತ್ತಾನೆ. ಹೆಂಡತಿ ಸಿಟ್ಟಾದರೆ ತಲೆಯ ಮೇಲೆ ಸುರುಳಿ ಸುರುಳಿ ಹೊಗೆ. ಗಂಡನಿಗೆ ಅನುಮಾನ ಬಂದರೆ ತಲೆಯಿಂದ ಪ್ರಶ್ನೆಚಿಹ್ನೆ ಹಾರುತ್ತದೆ, ಅವನು ಅದನ್ನೇ ಹಿಡಿದು ಕೊಕ್ಕೆ ಮಾಡಿಕೊಂಡು ಕಿಟಕಿಯಿಂದ ಇಳಿದು ಓಡುತ್ತಾನೆ. ಕೊನೆಗೆ ಹೆಂಡತಿಯ ಕೈಗೆ ಸಿಕ್ಕಿ ನೀರುದೋಸೆಯಷ್ಟು ತೆಳ್ಳಗಾಗಿ ನೆಲಕ್ಕೆ ಅಂಟಿ, ಮತ್ತೆ ಎದ್ದು ಮೈ ಕೊಡವಿಕೊಳ್ಳುತ್ತಾನೆ. ಆ ಲೋಕದಲ್ಲಿ ಯಾರಿಗೂ ನಿಜವಾದ ಪೆಟ್ಟಾಗುವುದಿಲ್ಲ. ಬಾಯಿ ಮಾತ್ರ ಎಲ್ಲರದ್ದೂ ಪಟಪಟ ಆಡುತ್ತಿರುತ್ತದೆ, ಸ್ವರ ಇಲ್ಲ.

ಸ್ವರ ಇಲ್ಲದ ಬಾಯಿ ಕಂಡರೆ ನನ್ನಂಥವನು ಸುಮ್ಮನಿರುವುದುಂಟೇ? ಮಾಲೀಕರು ಊಟಕ್ಕೆ ಹೋದ ಕೂಡಲೇ ನಾನು ಶುರು. ಗಂಡನಿಗೆ ನಮ್ಮ ಬಿಲ್ಡಿಂಗಿನ ವಾಚ್‌ಮನ್ನನ ಹಿಂದಿ, ಅತ್ತೆಗೆ ತುಳು, ಮಗುವಿಗೆ ಗಲ್ಫಿನ ನಮ್ಮವರ ಮಕ್ಕಳ ಹಾಗೆ ಇಂಗ್ಲಿಷು. ಷೋರೂಮಿನ ಗೋಡೆ ತುಂಬಾ ಟಿವಿ, ಎಲ್ಲದರಲ್ಲೂ ಒಂದೇ ಗಂಡ ಒಂದೇ ಹೆಂಡತಿಯಿಂದ ಪೆಟ್ಟು ತಿನ್ನುತ್ತಿದ್ದಾನೆ. ಗಾಜಿನ ಹೊರಗೆ ಫುಟ್‌ಪಾತಿನಲ್ಲಿ ಪಠಾಣರು, ಫಿಲಿಪಿನೋಗಳು, ಬಂಗಾಳಿಗಳು ನಿಂತು ನಗುತ್ತಿದ್ದರು. ಅವರಿಗೆ ತುಳು ಎಲ್ಲಿಂದ ಅರ್ಥವಾಗಬೇಕು! ಆದರೆ ಅತ್ತೆ ಎಂಬುದು ಎಲ್ಲರಿಗೂ ಅರ್ಥವಾಗುತ್ತದೆ.

ಹೆಂಡತಿಗೆ ಮಾತ್ರ ಬೇರೆ ಯಾರ ಸ್ವರವನ್ನೂ ನಾನು ಹಾಕಿದವನಲ್ಲ. ನನ್ನ ಹೆಂಡತಿಯದ್ದೇ.

ಅವಳು ದುಬೈಯಲ್ಲಿದ್ದಳು. ಊದ್ ಮೇಥಾದ ಕಡೆ ಒಂದು ಆಸ್ಪತ್ರೆಯಲ್ಲಿ ಬೆಡ್‌ಶೀಟು, ಟವೆಲು, ರೋಗಿಗಳ ಬಟ್ಟೆ ನೋಡಿಕೊಳ್ಳುವ ವಿಭಾಗದಲ್ಲಿ ಕೆಲಸ. ವಾಸ ಸತ್ವಾದ ಒಂದು ಹಳೇ ವಿಲ್ಲಾದ ಕೋಣೆಯಲ್ಲಿ. ಕೋಣೆ ಎಂದರೆ ದೊಡ್ಡ ಹಾಲಿಗೆ ಪ್ಲೈವುಡ್ ಅಡ್ಡ ಇಟ್ಟು ಮಾಡಿದ್ದು. ಆಚೆ ಬದಿಯಲ್ಲಿ ನಮ್ಮ ಊರ ಕಡೆಯ ಮುಸ್ಲಿಮರು, ಬ್ಯಾರಿ ದಂಪತಿ. ಅವರದ್ದು ದೇರಾದಲ್ಲಿ ಬಟ್ಟೆ ವ್ಯಾಪಾರ. ನಾನು ವಾರವಿಡೀ ಅಬುಧಾಬಿಯಲ್ಲಿ ಬೆಡ್‌ಸ್ಪೇಸಿನಲ್ಲಿ, ಅಂದರೆ ಹಂಚಿಕೊಂಡ ಕೋಣೆಯ ಒಂದು ಬಾಡಿಗೆ ಮಂಚದಲ್ಲಿದ್ದು ಗುರುವಾರ ಸಂಜೆಯ ಬಸ್ಸು ಹತ್ತಿ ಸತ್ವಾಕ್ಕೆ ಬರುತ್ತಿದ್ದೆ. ಬುರ್ಜ್ ಖಲೀಫಾ ಎದ್ದು ಕೆಲವು ವರ್ಷವಾಗಿತ್ತು. ನಮ್ಮ ಬಾತ್‌ರೂಮಿನ ಕಿಂಡಿಯಿಂದ ಅದರ ತುದಿ ಕಾಣುತ್ತಿತ್ತು. ಅದನ್ನೂ ನಾನೇ ಕಟ್ಟಿಸಿದ ಹಾಗೆ ಬಂದವರಿಗೆಲ್ಲ ತೋರಿಸುತ್ತಿದ್ದೆ. ನಮಗೆ ಮಕ್ಕಳಿರಲಿಲ್ಲ.

ನಾವು ಕೊಂಕಣಿಯವರು. ಜಗಳ ನಡೆಯುತ್ತಿದ್ದದ್ದು ಕೊಂಕಣಿಯಲ್ಲಿ, ಆಚೆಯವರಿಗೂ ತಿಳಿಯಬೇಕೆಂದಿದ್ದರೆ ಕನ್ನಡದಲ್ಲಿ. ಅವಳದ್ದು ದಪ್ಪ ಸ್ವರ, ಸ್ವಲ್ಪ ಒಡಕು. ಹೆಣ್ಣುಸ್ವರ ಮಾಡಲು ಹೊರಟ ಗಂಡಸರು ಕೀಚಲು ಮಾಡಿ ಕೆಡಿಸುತ್ತಾರೆ. ನನಗೆ ಆ ಕಷ್ಟವಿರಲಿಲ್ಲ. ಅವಳ ಸ್ವರ ನನ್ನದರ ಪಕ್ಕದ ಮನೆಯಲ್ಲೇ ಇತ್ತು.

ಶುಕ್ರವಾರ ಮಧ್ಯಾಹ್ನ ಊಟವಾದ ಮೇಲೆ ಪೆನ್‌ಡ್ರೈವ್ ಸಿಕ್ಕಿಸಿ ಕೂತರೆ ಅವಳು ಕೇಳುತ್ತಿದ್ದಳು.

"ಕೇಳಿದ್ರಾ, ಆ ಹೆಂಗಸಿಗೆ ಎಂತಕ್ಕೆ ನನ್ನ ಸ್ವರ ಹಾಕುದು ನೀವು?"

"ನಾನೆಲ್ಲಿ ಹಾಕಿದ್ದು? ಅವಳು ನೂರು ವರ್ಷದ ಹಿಂದಿನವಳು. ನೀನೇ ಅವಳದ್ದು ಕದ್ದದ್ದು."

"ಕದಿಯುದಾದ್ರೆ ಅವಳೇ ಬಂದು ನಿಮ್ಮನ್ನು ಕದ್ಕೊಂಡು ಹೋಗ್ಬಹುದಿತ್ತು. ನನಗೆ ಒಂದು ಉಪದ್ರ ಕಮ್ಮಿ."

ಪ್ಲೈವುಡ್ಡಿನ ಆಚೆಯಿಂದ ಬ್ಯಾರಿಯ ಹೆಂಡತಿ ಕೂಗುತ್ತಿದ್ದಳು, "ಬಾಯಮ್ಮ, ಸಮಾ ಕೊಟ್ರಿ ನೋಡಿ!" ನಮ್ಮ ಕಡೆ ಕ್ರಿಸ್ತುವರ ಹೆಂಗಸರನ್ನು ಬೇರೆಯವರು ಹಾಗೆಯೇ ಕರೆಯುವುದು. ನಾನು ಅವರಿಗೆಲ್ಲ ಪೊರ್ಬುಗಳು.

ನನ್ನ ಹೆಂಡತಿಗೆ ಇನ್ನೊಂದು ತಕರಾರಿತ್ತು. ನಾನು ಬಾಯಿಗೆ ಬಂದದ್ದನ್ನು ತುರುಕುತ್ತೇನೆ ಎಂದು. "ಅವಳ ಬಾಯಿ ನೋಡಿ ಸ್ವಲ್ಪ. ಎರಡು ಸಲ ತೆರೆದು ಮುಚ್ಚಿತು ಅಷ್ಟೆ. ನೀವು ಮಾತ್ರ ಭಾಷಣ ಬಿಡುದು. ಅವಳು ಎಂತ ಹೇಳಿದ್ಲೋ ಅದನ್ನು ಹೇಳಿ."

"ಅವಳು ಎಂತ ಹೇಳಿದ್ಲು ಅಂತ ನಿನಗೆ ಗೊತ್ತುಂಟಾ?"

"ಗೊತ್ತುಂಟು. 'ಊಟಕ್ಕೆ ಬನ್ನಿ' ಅಂದದ್ದು. ಅದಕ್ಕೆ ಅವ ಹೆದರಿ ಗಡಿಯಾರದೊಳಗೆ ಅಡಗಿದ. ನಿಮ್ಮ ಹಾಗೆ."

ಆಮೇಲೆ ಅವಳ ಸ್ವರ ಇನ್ನಷ್ಟು ಒಡೆಯಿತು. ಮೊದಲೇ ಒಡಕು ಸ್ವರವಾದ್ದರಿಂದ ನಮಗೆ ಅದು ದೊಡ್ಡ ಸಂಗತಿ ಅನ್ನಿಸಲಿಲ್ಲ. ಆಸ್ಪತ್ರೆಯ ಏಸಿಯ ಥಂಡಿ ಎಂದುಕೊಂಡೆವು. ನುಂಗುವಾಗ ನೋವು ಬಂದ ಮೇಲೆ ಅವಳು ತಾನು ಕೆಲಸ ಮಾಡುವಲ್ಲಿಯೇ ತೋರಿಸಿದಳು. ಗಂಟಲಿನ ಕ್ಯಾನ್ಸರ್. ಧ್ವನಿಪೆಟ್ಟಿಗೆಯನ್ನು ಪೂರ್ತಿ ತೆಗೆಯಬೇಕು ಎಂದರು.

ಅವಳ ತಾಯಿ ಊರಲ್ಲಿದ್ದರು, ಶಿರ್ವದ ಕಡೆ, ಕಿರಿಯ ಮಗ ಮತ್ತು ಸೊಸೆಯ ಜೊತೆ. ವಯಸ್ಸು ಎಂಬತ್ತು ದಾಟಿತ್ತು, ಕಣ್ಣು ಮಂಜು, ಹೃದಯ ದುರ್ಬಲ. ಹಿರಿಯ ಮಗ ತೀರಿಕೊಂಡ ಸುದ್ದಿಯನ್ನು ಫೋನಿನಲ್ಲಿ ಕೇಳಿ ಅಲ್ಲೇ ಬಿದ್ದು ಹೇಗೋ ಉಳಿದುಕೊಂಡವರು. ಪ್ರತಿ ಶುಕ್ರವಾರ ಮಗಳ ಫೋನು ಹೋಗಬೇಕು. ಗಲ್ಫಿನಲ್ಲಿರುವ ನಮ್ಮವರದ್ದು ಒಂದು ಪದ್ಧತಿ ಉಂಟು: ಇಲ್ಲಿ ಜ್ವರ ಬಂದರೂ, ಕೆಲಸ ಹೋದರೂ, ಕೈ ಮುರಿದರೂ ಊರಿಗೆ "ಎಲ್ಲ ಚೆನ್ನಾಗುಂಟು" ಎನ್ನುವುದು. ಅದು ಸುಳ್ಳು ಎಂದು ಯಾರಿಗೂ ಅನ್ನಿಸುವುದಿಲ್ಲ. ಬಾಟಲಿಯಲ್ಲಿ ಉಪ್ಪಿನಕಾಯಿ ಕಳಿಸಿದ ಹಾಗೆ ಅದೂ ಒಂದು ಕಳಿಸುವ ವಸ್ತು.

ಆಪರೇಷನ್ ಥಿಯೇಟರಿಗೆ ಒಯ್ಯುವಾಗ ನಾನು ಅವಳ ಕೈ ಹಿಡಿದು ನಡೆದೆ. ಅವಳು ಆ ಸ್ವರದಲ್ಲಿ ಆಡುವ ಕೊನೆಯ ಮಾತು ಎಂದು ಇಬ್ಬರಿಗೂ ಗೊತ್ತಿತ್ತು. ಏನಾದರೂ ಮಧುರವಾದದ್ದು ಬರಬಹುದೆಂದು ನಾನು ಕಿವಿ ಕೊಟ್ಟಿದ್ದೆ.

"ಇದು ಅಮ್ಮನಿಗೆ ಗೊತ್ತಾದ್ರೆ, ಮತ್ತೆ ನೋಡಿ ನಿಮ್ಮನ್ನು ಎಂತ ಮಾಡ್ತೇನೆ" ಅಂದಳು.

ಅಷ್ಟೆ. ಬಾಗಿಲು ಮುಚ್ಚಿತು.

ಮನೆಗೆ ಬಂದಾಗ ಅವಳ ಕುತ್ತಿಗೆಯ ಬುಡದಲ್ಲಿ ಉಸಿರಾಡಲು ಒಂದು ತೂತು, ಅದರ ಮುಂದೆ ತೂಗುವ ಬಿಳಿ ಬಟ್ಟೆ. ಕುತ್ತಿಗೆಗೆ ಒತ್ತಿ ಹಿಡಿದರೆ ಮಾತಾಡುವ ಒಂದು ಯಂತ್ರವನ್ನೂ ಕೊಟ್ಟಿದ್ದರು. ಅದರಿಂದ ಬಂದ ಗುರ್ ಗುರ್ ಸ್ವರವನ್ನು ಅವಳು ಒಮ್ಮೆ ಕೇಳಿದಳು, ಯಂತ್ರವನ್ನು ಕಪಾಟಿನ ಮೇಲಿಟ್ಟಳು, ಮತ್ತೆ ಮುಟ್ಟಲಿಲ್ಲ. ಬರೆದು ತೋರಿಸುವುದೂ ಅವಳಿಗೆ ಆಗದು. ಸಿಟ್ಟು ಬಂದಾಗ ಪೆನ್ನಿನ ಮುಚ್ಚಳ ತೆಗೆಯುವಷ್ಟರಲ್ಲಿ ಸಿಟ್ಟು ಆರಿಹೋಗುತ್ತದಲ್ಲ.

ಅವಳು ಏನು ಮಾಡಿದಳು ಗೊತ್ತೇ? ಆ ಕಾರ್ಟೂನಿನ ಹೆಂಗಸಿನಿಂದ ಎಲ್ಲ ಕಲಿತುಕೊಂಡಳು. ಸಿಟ್ಟು ಬಂದರೆ ಸೊಂಟದ ಮೇಲೆ ಎರಡೂ ಕೈ, ಒಂದು ಪಾದ ನೆಲಕ್ಕೆ ಟಪ್ ಟಪ್. ನಾನು ಪೆದ್ದುಪೆದ್ದಾಗಿ ಮಾತಾಡಿದರೆ ನನ್ನ ತಲೆಯ ಮೇಲೆ ಬೆರಳಿನಿಂದ ಗಾಳಿಯಲ್ಲಿ ಒಂದು ಪ್ರಶ್ನೆಚಿಹ್ನೆ. ಊಟಕ್ಕೆ ಕರೆಯಲು ಅಡುಗೆ ಸೌಟು ಎತ್ತಿ ಬಾಗಿಲ ಕಡೆ ತೋರಿಸುವುದು. ನಗು ಬಂದರೆ ಭುಜ ಮಾತ್ರ ಕುಣಿಯುತ್ತಿತ್ತು, ಕುತ್ತಿಗೆಯ ಬಟ್ಟೆ ಫರ್ ಎಂದು ಹಾರುತ್ತಿತ್ತು. ಆದರೆ ನಗು ಬರುತ್ತಿದ್ದದ್ದು ಅಪರೂಪ. ಆಚೆಯ ಬ್ಯಾರಿ ದಂಪತಿ ನಮ್ಮ ಜೊತೆ ಮೆಲ್ಲಗೆ ಮಾತಾಡತೊಡಗಿದ್ದರು, ಮರಣದ ಮನೆಗೆ ಬಂದವರ ಹಾಗೆ. ಅದು ಅವಳಿಗೆ ಇಷ್ಟವಾಗುತ್ತಿರಲಿಲ್ಲ.

ಹೀಗೆ ಕೈಬಾಯಿ ಆಡಿಸಿ ಎಲ್ಲವೂ ನಡೆಯುತ್ತಿತ್ತು, ಫೋನೊಂದು ಬಿಟ್ಟು. ಮುಖ ನೋಡಿ ಮಾತಾಡುವ ಆಪುಗಳು ಆಗ ಅಲ್ಲಿ ನಡೆಯುತ್ತಿರಲಿಲ್ಲ. ನಡೆದಿದ್ದರೂ ಅತ್ತೆಯ ಕಣ್ಣಿಗೆ ಕಾಣಬೇಕಲ್ಲ. ಅವರಿಗೆ ಮಗಳು ಎಂದರೆ ಶುಕ್ರವಾರದ ಸ್ವರ.

ಮೊದಲು ಡ್ಯೂಟಿ ಎಂದೆ. ಆಮೇಲೆ ಗಂಟಲು ಕಟ್ಟಿದೆ ಎಂದೆ. ಫೋನು ಹಾಳಾಗಿದೆ ಎಂದು ಅದೇ ಫೋನಿನಲ್ಲಿ ಹೇಳಿದೆ. ಸುಳ್ಳು ಹೇಳುವುದರಲ್ಲಿ ನನ್ನನ್ನು ಮೀರಿಸುವವರಿಲ್ಲ, ಆದರೆ ಅತ್ತೆಯ ಹತ್ತಿರ ನನ್ನ ಸುಳ್ಳು ಯಾವತ್ತೂ ನಡೆದದ್ದಿಲ್ಲ. ಒಂದು ಶುಕ್ರವಾರ ಅವರು ಕೇಳಿಯೇ ಬಿಟ್ಟರು.

"ಅವಳು ಇಲ್ಲ ಅಲ್ವಾ? ಹೇಳು. ನನ್ನ ಮಗಳು ಹೋಗಿದ್ದಾಳೆ ಅಲ್ವಾ?"

"ಎಂತ ಮಾತು ಅತ್ತೆ ಅದು! ಇಲ್ಲೇ ಇದ್ದಾಳೆ, ನನ್ನ ಪಕ್ಕದಲ್ಲೇ."

"ಪಕ್ಕದಲ್ಲಿದ್ರೆ ಒಂದು ಸಲ 'ಅಮ್ಮ' ಅಂತ ಹೇಳ್ಲಿಕ್ಕೆ ಹೇಳು."

ಅವಳು ನನ್ನ ಪಕ್ಕದಲ್ಲೇ ಇದ್ದಳು. ಬಾಯಿ ತೆರೆದಳು, ತುಟಿ "ಅಮ್ಮ" ಎಂದಿತು. ಗಾಳಿ ಕುತ್ತಿಗೆಯಿಂದ ಹೊರಗೆ ಹೋಯಿತು. ನಾನು ಫೋನು ಕಟ್ಟಾದ ಹಾಗೆ ಮಾಡಿ ಇಟ್ಟುಬಿಟ್ಟೆ.

ನಾಲ್ಕು ದಿನ ಬಿಟ್ಟು ನಾದಿನಿ, ಅಂದರೆ ಆ ಸೊಸೆ, ಫೋನು ಮಾಡಿದಳು. "ಭಾವ, ಅಮ್ಮ ಊಟ ಬಿಟ್ಟಿದ್ದಾರೆ. ಗಂಜಿ ಸಹಾ ಮುಟ್ಟುದಿಲ್ಲ. ಅಕ್ಕನ ಆತ್ಮಕ್ಕೆ ಪೂಜೆ ಮಾಡಿಸ್ಲಿಕ್ಕೆ ಪಾದ್ರಿಗಳನ್ನು ಕರೀರಿ ಅಂತ ಹಟ ಹಿಡಿದಿದ್ದಾರೆ. ಹೀಗೇ ಆದ್ರೆ ಅವರು ಉಳಿಯುದಿಲ್ಲ."

ನಿಜ ಹೇಳಿದರೆ ಅತ್ತೆಯ ಹೃದಯ ನಿಲ್ಲುತ್ತದೆ, ಹೇಳದಿದ್ದರೆ ಹೊಟ್ಟೆ. ಗುರುವಾರ ಸತ್ವಾಕ್ಕೆ ಬಂದು ಹೇಳಿದಾಗ ನನ್ನ ಹೆಂಡತಿ ಗೋಡೆ ನೋಡಿಕೊಂಡು ಕೂತಳು. ಮರುದಿನ ಶುಕ್ರವಾರ ಅವಳೂ ಉಣ್ಣಲಿಲ್ಲ.

ಅವಳ ಮುಖ ಸ್ವಲ್ಪ ಸಡಿಲವಾಗಲಿ ಎಂದು ನಾನು ಕಾರ್ಟೂನು ಹಾಕಿದೆ. ಗಂಡನ ಕೈಗೆ ಮಗುವನ್ನು ಕೊಟ್ಟು ಹೆಂಡತಿ ಪೇಟೆಗೆ ಹೋಗುವ ಕತೆ. ಗಂಡ ನಿದ್ದೆ ಹೋಗುತ್ತಾನೆ, ಮಗು ಮನೆಗೆಲ್ಲ ಮಸಿ ಬಳಿಯುತ್ತದೆ, ಗಂಡನ ಬೋಳುತಲೆಗೂ. ಹೆಂಡತಿ ಬಾಗಿಲು ತೆರೆದು ನೋಡುತ್ತಾಳೆ. ಸ್ಕ್ರೀನು ತುಂಬ ಬಾಯಿ. ನಾನು ಎಂದಿನ ಅಭ್ಯಾಸದಲ್ಲಿ, ಎಂದಿನ ಸ್ವರದಲ್ಲಿ, ಪೂರ್ತಿ ಗಂಟಲು ಬಿಟ್ಟು ಹೇಳಿದೆ.

"ಒಂದು ಗಳಿಗೆ ಬಿಟ್ಟು ಹೋದ್ರೆ ಇದಾ ನಿಮ್ಮ ಅವಸ್ಥೆ? ಮನುಷ್ಯರಾ ನೀವು? ಎದ್ದೇಳಿ ಅಲ್ಲಿಂದ!"

ಆಚೆ ಒಂದು ಪಾತ್ರೆ ಬಿದ್ದ ಸದ್ದು. ನಮ್ಮ ಬಾಗಿಲು ಧಡಾರೆಂದು ತೆರೆಯಿತು. ಬ್ಯಾರಿಯ ಹೆಂಡತಿ, ಕೈ ತುಂಬಾ ಅಕ್ಕಿ ಹಿಟ್ಟು.

"ಬಾಯಮ್ಮಾ! ಅಲ್ಹಮ್ದುಲಿಲ್ಲಾ! ಮಾತಾಡಿದ್ರಿ! ನಾನು ಕೇಳಿದೆ!"

ಹಿಂದೆ ಬ್ಯಾರಿ, ಲುಂಗಿ ಎತ್ತಿ ಕಟ್ಟುತ್ತಾ. "ನಾನೂ ಕೇಳಿದೆ! ಪೊರ್ಬುಗಳಿಗೆ ಬಯ್ದದ್ದು, ಮೊದಲಿನ ಹಾಗೇ! ಯಾ ಅಲ್ಲಾ, ಎಷ್ಟು ತಿಂಗಳಾಯ್ತು!"

ಟಿವಿಯಲ್ಲಿ ಆ ಹೆಂಗಸು ಇನ್ನೂ ಬಯ್ಯುತ್ತಲೇ ಇದ್ದಳು, ಸದ್ದಿಲ್ಲದೆ. ಬ್ಯಾರಿಯ ಹೆಂಡತಿ ಟಿವಿ ನೋಡಿದಳು, ನನ್ನನ್ನು ನೋಡಿದಳು, ಮಂಚದ ಮೇಲೆ ಬಾಯಿ ಮುಚ್ಚಿ ಕೂತ ನನ್ನ ಹೆಂಡತಿಯನ್ನು ನೋಡಿದಳು. ಅರ್ಥವಾದಾಗ ಕೈಯನ್ನು ಬಾಯಿಗೆ ಒತ್ತಿಕೊಂಡಳು. ಮುಖದ ಮೇಲೆ ಬಿಳಿ ಹಿಟ್ಟಿನ ಬೆರಳುಗಳು ಮೂಡಿದವು.

ನನ್ನ ಹೆಂಡತಿ ಎದ್ದು ಹೋಗಿ ಸೆರಗಿನಿಂದ ಅವಳ ಮುಖ ಒರೆಸಿದಳು. ಭುಜ ತಟ್ಟಿ ಕಳಿಸಿದಳು. ಬಾಗಿಲು ಹಾಕಿದಳು. ಈಗ ನನಗೆ ಸಿಗುತ್ತದೆ ಎಂದು ನಾನು ತಲೆ ತಗ್ಗಿಸಿ ಕೂತೆ.

ಅವಳು ಟಿವಿಯ ಕಡೆ ಬೆರಳು ತೋರಿಸಿದಳು. ಬೆರಳನ್ನು ಹಿಂದಕ್ಕೆ ಸುತ್ತಿಸಿದಳು: ಮತ್ತೊಮ್ಮೆ ಹಾಕಿ.

ಹಾಕಿದೆ. ಹೆಂಡತಿ ಬಾಗಿಲು ತೆರೆದಳು, ನಾನು ಬಯ್ದೆ. ಈ ಸಲ ಮೆಲ್ಲಗೆ. ಅವಳು ತಲೆ ಅಲ್ಲಾಡಿಸಿದಳು: ಜೋರಾಗಿ. ನಾನು ಜೋರಾಗಿ ಬಯ್ದೆ. ಮತ್ತೊಮ್ಮೆ. ಇನ್ನೊಮ್ಮೆ. ಅವಳು ಸ್ಕ್ರೀನು ನೋಡುತ್ತಲೇ ಇರಲಿಲ್ಲ. ಕಣ್ಣು ಮುಚ್ಚಿ ತನ್ನ ಸ್ವರ ಕೇಳುತ್ತಿದ್ದಳು.

ಆಮೇಲೆ ಫೋನು ತಂದು ಊರಿನ ನಂಬರು ಒತ್ತಿ ನನ್ನ ಕೈಗೆ ಕೊಟ್ಟಳು. ನನ್ನ ಎದುರಿಗೆ, ಮೊಣಕಾಲಿಗೆ ಮೊಣಕಾಲು ತಾಗುವ ಹಾಗೆ ಕೂತಳು. ತನ್ನ ತುಟಿಯ ಮೇಲೆ ಬೆರಳಿಟ್ಟು, ಅದೇ ಬೆರಳನ್ನು ನನ್ನ ತುಟಿಗೆ ತಾಗಿಸಿದಳು.

"ಯಾರು?" ಅತ್ತೆಯ ಸ್ವರ.

ಅವಳ ತುಟಿ ಆಡಿತು. ನಾನು ಸ್ವರ ಕೊಟ್ಟೆ. "ನಾನು ಅಮ್ಮ."

"ಬಾಯೆ?" ಮಗಳನ್ನು ಅವರು ಕರೆಯುತ್ತಿದ್ದದ್ದು ಹಾಗೆ.

"ಹ್ಞೂಂ ಅಮ್ಮ."

"ಎಲ್ಲಿ ಹಾಳಾಗಿ ಹೋಗಿದ್ದಿ ಇಷ್ಟು ದಿನ!" ಎಂದವರೇ ಅಳತೊಡಗಿದರು.

"ಡ್ಯೂಟಿ ಅಮ್ಮ. ಮತ್ತೆ ಗಂಟಲು ಕಟ್ಟಿತ್ತು. ನೀನು ಎಂತಕ್ಕೆ ಊಟ ಬಿಟ್ಟದ್ದು? ಸಣ್ಣ ಮಕ್ಕಳ ಹಾಗೆ?" ಅವಳು ಹೇಳಿದ್ದಷ್ಟನ್ನೇ ನಾನು ಹೇಳುತ್ತಿದ್ದೆ. ಮದುವೆಯಾದ ಮೇಲೆ ಮೊದಲನೇ ಸಲ! ಆದರೆ ನಾನು ನಾನೇ ಅಲ್ಲವೇ, ಬಾಯಿ ತುರಿಸಿತು. ಒಂದು ಮಾತು ಸೇರಿಸಿದೆ. "ಇವರು ನನ್ನನ್ನು ರಾಣಿಯ ಹಾಗೆ ನೋಡ್ಕೊಳ್ತಾರೆ ಅಮ್ಮ."

ತೊಡೆಗೆ ಬಿತ್ತು ಚಿವುಟು. ನಾನು ಅವಳ ಸ್ವರದಲ್ಲೇ "ಅಯ್ಯಯ್ಯೋ" ಅಂದೆ.

"ಎಂತಾಯ್ತು ಬಾಯೆ?"

"ಎಂತ ಇಲ್ಲ, ಇವರು ಕಾಲು ಮೆಟ್ಟಿದ್ರು."

"ಅವ ಇನ್ನೂ ಹಾಗೇ ಇದ್ದಾನಾ? ಬಾಯಿ ಬಿಟ್ರೆ ಬೊಗಳೆ?"

ನನ್ನ ಹೆಂಡತಿಯ ತುಟಿ ನಿಧಾನವಾಗಿ, ಒಂದಕ್ಷರವೂ ತಪ್ಪಬಾರದೆಂದು ಬಿಡಿಬಿಡಿಸಿ ಆಡಿತು. ನಾನು ಹೇಳಲೇಬೇಕಾಯಿತು. "ಹೌದಮ್ಮ. ಈಗ ಮೊದಲಿಗಿಂತ ಜಾಸ್ತಿ. ನಿನ್ನ ಮಾತು ಕೇಳಿ ಆ ಬಜ್ಪೆಯ ಹುಡುಗನನ್ನೇ ಮದುವೆ ಆಗ್ಬೇಕಿತ್ತು." ಬಜ್ಪೆಯಲ್ಲಿ ಒಬ್ಬ ಹುಡುಗನಿದ್ದ ಎಂಬುದು ನನಗೆ ಆವತ್ತೇ ಗೊತ್ತಾದದ್ದು. ಅವಳ ಭುಜ ಕುಣಿಯಿತು, ಕುತ್ತಿಗೆಯ ಬಟ್ಟೆ ಹಾರಿತು.

ಅತ್ತೆ ಆ ರಾತ್ರಿ ಗಂಜಿ ಉಂಡರೆಂದು ನಾದಿನಿ ತಿಳಿಸಿದಳು.

ಅಲ್ಲಿಂದ ಶುಕ್ರವಾರ ಶುಕ್ರವಾರ ಇದೇ ನಮ್ಮ ಆಟ. ಅವಳು ಬಾಯಿ ಆಡಿಸುವುದು, ನಾನು ಸ್ವರ ಹಾಕುವುದು. ನನ್ನಷ್ಟು ಚೆನ್ನಾಗಿ ತುಟಿ ಓದುವವನು ದುಬೈಯಲ್ಲಿ ಇನ್ನೊಬ್ಬನಿರಲಿಲ್ಲ, ಬರೆದಿಟ್ಟುಕೊಳ್ಳಿ. ಆಚೆ ಕೋಣೆಯವರು ಆ ಹೊತ್ತಿಗೆ ಟಿವಿ ನಿಲ್ಲಿಸುತ್ತಿದ್ದರು. ಬಾಯಮ್ಮನ ಸ್ವರ ಕೇಳಲು ತಮಗೂ ಇಷ್ಟ ಎಂದು ಬ್ಯಾರಿ ಒಮ್ಮೆ ಮುಖ ಬೇರೆ ಕಡೆ ತಿರುಗಿಸಿ ಹೇಳಿದ.

ಒಂದು ದಿನ ಅತ್ತೆ ಕೇಳಿದರು, "ಬಾಯೆ, ನಿನಗೆ ಅಲ್ಲಿ ಸುಖ ಉಂಟಾ?"

'ಉಂಟು' ಎನ್ನಲು ನಾನು ಬಾಯಿ ತೆರೆದಿದ್ದೆ. ಅವಳು ಕೈ ಎತ್ತಿ ತಡೆದಳು. ಸ್ವಲ್ಪ ಹೊತ್ತು ನನ್ನನ್ನೇ ನೋಡಿದಳು. ಆಮೇಲೆ ಅವಳ ತುಟಿ ಹೇಳಿತು, ನಾನು ಅದನ್ನು ಗಟ್ಟಿಯಾಗಿ ಹೇಳಿದೆ. "ಕೆಲವು ಸಲ ಹೆದರಿಕೆ ಆಗ್ತದೆ ಅಮ್ಮ. ಇವರು ಅಬುಧಾಬಿಗೆ ಹೋದ ಮೇಲೆ ಈ ರೂಮು ತುಂಬಾ ದೊಡ್ಡದಾಗ್ತದೆ."

ಕೈ ಚಾಚಿದರೆ ಎರಡೂ ಬದಿಯ ಗೋಡೆಗೆ ತಾಗುವ ಕೋಣೆ ಅದು. ಅವಳು ಇದನ್ನು ಸ್ವರ ಇದ್ದಾಗ ನನಗೆ ಹೇಳಿದವಳಲ್ಲ. ನನಗೆಂದು ಆಡಿದ ಮಾತೂ ಅಲ್ಲ. ಆದರೆ ನನ್ನದೇ ಬಾಯಿಂದ ನಾನು ಅದನ್ನು ಕೇಳಿದೆ. ಸ್ವಲ್ಪ ಕಾಲದಲ್ಲೇ ಎಲೆಕ್ಟ್ರಾ ಸ್ಟ್ರೀಟಿನ ಕೆಲಸ ಬಿಟ್ಟು ಸತ್ವಾದಲ್ಲೇ ಒಂದು ಸಣ್ಣ ರಿಪೇರಿ ಅಂಗಡಿಗೆ ಸೇರಿಕೊಂಡೆ. ಹೇಳಿದಾಗ ಅವಳು ಗಾಳಿಯಲ್ಲಿ ದೊಡ್ಡದೊಂದು ಆಶ್ಚರ್ಯಚಿಹ್ನೆ ಬರೆದಳು.

ಅತ್ತೆ ಪ್ರತಿ ಸಲ ಕೇಳುತ್ತಿದ್ದರು, "ಊರಿಗೆ ಯಾವಾಗ ಬರ್ತಿ?" ಅವಳಿಗೆ ಹೋಗಬೇಕೆಂದು ಇತ್ತು. ಎಷ್ಟಿತ್ತೆಂದರೆ, ಆ ಪ್ರಶ್ನೆ ಬಂದಾಗ ಅವಳ ತುಟಿ ಆಡುತ್ತಲೇ ಇರಲಿಲ್ಲ. "ಬರುವ ಅಮ್ಮ, ರಜೆ ಸಿಗ್ಲಿ" ಎಂದು ನಾನೇ ಸೇರಿಸುತ್ತಿದ್ದೆ. ಹೋದರೆ ತಾಯಿಯ ಕೈ ಮೊದಲು ಮುಟ್ಟುವುದು ಮುಖ, ಆಮೇಲೆ ಕುತ್ತಿಗೆ. "ಹೋಗುವ, ಏನಾದರೂ ಆಗಲಿ" ಎಂದು ನಾನು ಎಷ್ಟು ಸಲ ಹೇಳಿದರೂ ಅವಳು ಆ ಬಿಳಿ ಬಟ್ಟೆಯನ್ನು ಹಿಡಿದು ತೋರಿಸಿ ತಲೆ ಅಲ್ಲಾಡಿಸುತ್ತಿದ್ದಳು. ತನ್ನ ಸ್ವರವನ್ನು ಊರಿಗೆ ಕಳಿಸಿ ತಾನು ಇಲ್ಲೇ ಉಳಿದಳು.

ಕಾಯಿಲೆ ತಿರುಗಿ ಬಂತು, ಈ ಸಲ ಶ್ವಾಸಕೋಶಕ್ಕೆ. ವಾರ್ಡಿನಲ್ಲಿ ನಾನು ನನ್ನ ಫೋನಿನ ಸಣ್ಣ ಸ್ಕ್ರೀನಿನಲ್ಲಿ ಕಾರ್ಟೂನು ಹಾಕಿ ಅವಳ ಕಿವಿಯ ಹತ್ತಿರ ಮೆಲ್ಲಗೆ ಸ್ವರ ಕೊಡುತ್ತಿದ್ದೆ. ಗಂಡನಿಗೆ ಪೆಟ್ಟು ಬಿದ್ದಾಗ ಅವಳ ಬೆರಳು ಹೊದಿಕೆಯ ಮೇಲೆ ಒಮ್ಮೆ ಕುಟ್ಟುತ್ತಿತ್ತು. ಒಂದು ಶುಕ್ರವಾರ ಅಲ್ಲಿಂದಲೇ ಊರಿಗೆ ಮಾತಾಡಿದೆವು, ಚಿಕ್ಕದಾಗಿ. ಅದಾದ ಮೇಲೆ ಅವಳು ನನ್ನ ಕಡೆ ತಿರುಗಿ ಏನೋ ಹೇಳಿದಳು. ತುಟಿ ಒಣಗಿ ಬಿರಿದಿತ್ತು, ಸರಿಯಾಗಿ ಮುಚ್ಚುತ್ತಿರಲಿಲ್ಲ. ನನಗೆ ತಿಳಿಯಲಿಲ್ಲ. "ಎಂತ? ಇನ್ನೊಮ್ಮೆ ಹೇಳು" ಅಂದೆ. ಹೇಳಿದಳು. ಆಗಲೂ ತಿಳಿಯಲಿಲ್ಲ. ಹೋಗಲಿ ಬಿಡಿ ಎನ್ನುವ ಹಾಗೆ ಕೈ ಅಲ್ಲಾಡಿಸಿದಳು. ತುಟಿ ಓದುವುದರಲ್ಲಿ ದುಬೈಗೆಲ್ಲ ಒಬ್ಬನೇ ಎಂದೆನಲ್ಲ, ಆ ಒಬ್ಬನಿಗೆ ಅದು ಇವತ್ತಿಗೂ ಗೊತ್ತಿಲ್ಲ.

ಅವಳು ಮಂಗಳವಾರ ತೀರಿಕೊಂಡಳು. ಅಲ್ಲೇ, ದುಬೈ ಪೇಟೆಯ ಹೊರಗಿನ ಮರಳಿನ ನಡುವೆ ಇರುವ ಕ್ರಿಸ್ತುವರ ಸ್ಮಶಾನದಲ್ಲಿ ಮಣ್ಣು ಮಾಡಿದೆವು. ಬ್ಯಾರಿ ನನ್ನ ತೋಳು ಹಿಡಿದುಕೊಂಡು ನಿಂತಿದ್ದ. ಊರಿನಿಂದ ಅವಳ ತಮ್ಮ ಫೋನಿನಲ್ಲಿ ಹೇಳಿದ, "ಭಾವ, ಅಮ್ಮನಿಗೆ ಈಗ ಬೇಡ. ಡಾಕ್ಟ್ರನ್ನು, ಪಾದ್ರಿಗಳನ್ನು ಕರೆಸಿ ಅವರ ಎದುರೇ ಹೇಳುವ. ಮುಂದಿನ ವಾರ." ನಾನು ಹೂಂ ಎಂದೆ. ಮಧ್ಯದಲ್ಲಿ ಒಂದು ಶುಕ್ರವಾರ ಬರುತ್ತದೆ ಎಂಬುದು ಇಬ್ಬರಿಗೂ ನೆನಪಾಗಲಿಲ್ಲ.

ಬಂತು. ಮಧ್ಯಾಹ್ನ ನಾನು ಫೋನು ಮಾಡದೆ ಇದ್ದಾಗ ಅವರೇ ಯಾರ ಕೈಯಿಂದಲೋ ನಂಬರು ಒತ್ತಿಸಿ ಮಾಡಿದರು.

"ಬಾಯೆ?"

ಎದುರಿಗೆ ಕುರ್ಚಿ ಖಾಲಿ. ಓದಲು ತುಟಿಯಿಲ್ಲ. ಆದರೂ ನಾನು ಅವಳ ಸ್ವರದಲ್ಲಿ ಮಾತಾಡಿದೆ. ನನ್ನ ಜೀವಮಾನದಲ್ಲೇ ಅಂಥ ಸ್ವರ ಬಂದಿರಲಿಲ್ಲ. "ಅಮ್ಮ, ಊಟ ಆಯ್ತಾ?" ಅಂದೆ. "ರಜೆ ಸಿಕ್ತು ಅಮ್ಮ, ಬರ್ತೇನೆ" ಅಂದೆ. ನನ್ನನ್ನು ನಾನೇ ಚೆನ್ನಾಗಿ ಬಯ್ದುಕೊಂಡೆ. ಅತ್ತೆ ಫೋನಿನಲ್ಲಿ ಗಟ್ಟಿಯಾಗಿ ನಕ್ಕರು. ಆಚೆ ಕೋಣೆಯವರು ಕೇಳಿ ಅತ್ತರು.

ನಾನು ಕಟ್ಟಿದ್ದು ಇದು. ಬಾಕಿ ಎಲ್ಲ ನಡೆದದ್ದು, ಬಜ್ಪೆಯ ಹುಡುಗನೂ ಸೇರಿ. ಇದೊಂದೇ ನಡೆಯಲಿಲ್ಲ.

ನಡೆದದ್ದು ಹೀಗೆ. ಅವರು "ಬಾಯೆ?" ಎಂದರು. ನಾನು ಬಾಯಿ ತೆರೆದೆ. ಸ್ವರ ಬರಲಿಲ್ಲ. ಅವಳದ್ದೂ ಇಲ್ಲ, ನನ್ನದೂ ಇಲ್ಲ. ಬಾಯಿ ತೆರೆದು ಮುಚ್ಚಿ ಮಾಡಿದೆ.

"ಬಾಯೆ, ಎಂತ ಮಾತಾಡುದಿಲ್ಲ? ಮತ್ತೆ ಗಂಟಲು ಕಟ್ಟಿದ್ದಾ?" ಅತ್ತೆ ಕೇಳಿದರು. "ಆಯ್ತು, ಮಾತಾಡ್ಬೇಡ. ಬಿಸಿನೀರಿಗೆ ಉಪ್ಪು ಹಾಕಿ ಮುಕ್ಕಳಿಸು. ಇವತ್ತು ನಾನೇ ಹೇಳ್ತೇನೆ, ನೀನು ಕೇಳು."

ಹೇಳಿದರು. ಸೌದೆಯ ರಾಶಿಯ ಹಿಂದೆ ಬೆಕ್ಕು ಮರಿ ಹಾಕಿದ್ದು, ಸೊಸೆ ಮೀನಿನ ಸಾರಿಗೆ ಹುಳಿ ಹೆಚ್ಚು ಹಾಕುವುದು, ಇಗರ್ಜಿಯ ಹೊಸ ಮೈಕಿನಲ್ಲಿ ಪಾದ್ರಿಗಳ ಒಂದು ಮಾತೂ ತಿಳಿಯದಿರುವುದು. ನಡುವೆ ನಡುವೆ "ಇದ್ದಿಯಾ?" ಎನ್ನುತ್ತಿದ್ದರು. ಆಗೆಲ್ಲ ನಾನು ಫೋನಿನ ಮೇಲೆ ಉಗುರಿನಿಂದ ಒಂದು ಸಲ ತಟ್ಟುತ್ತಿದ್ದೆ. ಅವರು ಮುಂದುವರಿಸುತ್ತಿದ್ದರು.